ಒಂದು ಲೋಟಾನೂ
"ನಮ್ಮಲ್ಲಿ ಸಾವನ್ನ ಬಾಯಿಬಿಟ್ಟು ಹೇಳ್ತಿರಲಿಲ್ಲ," ಎಂದ ಗೈಡ್ ಪಿನ್ಹಾಸ್, ಬುಖಾರಾದ ಯಹೂದಿ ಕೇರಿಯ ತಿರುವಿನಲ್ಲಿ ಪ್ರವಾಸಿಗರನ್ನು ನಿಲ್ಲಿಸಿಕೊಂಡು. "ಯಾರಾದ್ರೂ ಸತ್ರೆ ನೆರೆಮನೆಯೋರೆಲ್ಲ ತುಂಬಿಟ್ಟ ನೀರನ್ನ ಓಣಿಗೆ ಸುರಿದುಬಿಡೋರು. ಹರಿಯೋ ನೀರು ನೋಡಿದ್ರೆ ಸಾಕು, ಅರ್ಥ ಆಗ್ತಿತ್ತು."

"ಈಗ?" ಎಂದಳು ಟೋಪಿ ಹಾಕಿದ್ದ ಹೆಂಗಸು.

"ಈಗ ಈ ಓಣೀಲಿ ನಮ್ಮೋರು ಅಂತ ಉಳಿದಿರೋದು ನಾನು, ನನ್ನ ಹೆಂಡ್ತಿ ಮಝೋಲ್. ನಾನು ಸತ್ರೆ ಅವಳೇ ಸುರೀಬೇಕು. ಆದ್ರೆ ಅವಳು ಮಹಾ ಜುಗ್ಗಿ, ಒಂದು ಲೋಟಾನೂ ಚೆಲ್ಲಲ್ಲ!"

ಎಲ್ಲರೂ ನಕ್ಕರು. ಹಾಸಿಗೆ ಹಿಡಿದಿದ್ದ ಮಝೋಲ್ ಬೆಳಿಗ್ಗೆ ಅವನನ್ನು ಗದರಿಸಿಯೇ ಅಟ್ಟಿದ್ದಳು. "ನನ್ನ ಮುಖ ನೋಡ್ತಾ ಕೂತ್ರೆ ಎದ್ದು ಕುಣೀತೀನಾ? ಪಕ್ಕದ್ಮನೆ ಶರೋಫತ್ ಇದ್ದಾಳೆ, ನೀನು ಹೋಗು."

ತಿರುವು ದಾಟಿದಾಗ ಪಕ್ಕದ ಮನೆಯ ಆ ತಾಜಿಕ್ ಮುಸ್ಲಿಂ ಹೆಂಗಸು ಶರೋಫತ್ ತನ್ನ ಬಾಗಿಲಿಗೆ ನೀರು ಹಾಕುತ್ತಿದ್ದಳು. ಧೂಳಡಗಲೆಂದು ನೀರು ಚಿಮುಕಿಸುವುದು ಊರಿಗೆಲ್ಲ ರೂಢಿ, ಆದರೆ ಅದು ಬೆಳಗಿನ ಕೆಲಸ.

"ಏನು ತಂಗಿ, ನಡುಮಧ್ಯಾಹ್ನ ಧೂಳಿಗೆ ಸ್ನಾನ ಮಾಡಿಸ್ತಿದ್ದೀಯಾ?" ಎಂದ ಪಿನ್ಹಾಸ್.

ಅವಳು ಚಿಮುಕಿಸುತ್ತಿರಲಿಲ್ಲ. ಬಕೆಟ್ಟನ್ನು ಬೋರಲು ಹಾಕಿದಳು. ಒಳಗಿನಿಂದ ಕೊಡ ತಂದು ಬೋರಲು ಹಾಕಿದಳು, ಚಹಾದ ಕೆಟಲನ್ನೂ ಬಿಡಲಿಲ್ಲ. ನೀರು ಪ್ರವಾಸಿಗರ ಬೂಟುಗಳ ನಡುವೆ ಹರಿದು ಬಂದು ಪಿನ್ಹಾಸನ ಪಾದ ತೋಯಿಸಿತು. ಅವನು ಕಾಲು ತೆಗೆಯಲಿಲ್ಲ.

"ಮಝೋಲಕ್ಕನೇ ಹೇಳಿಟ್ಟಿದ್ಲು, ಅಣ್ಣಾ," ಎಂದಳು ಶರೋಫತ್. "ಒಂದು ಲೋಟಾನೂ ಉಳಿಸ್ಬೇಡ ಅಂತ."