ಹನ್ನೆರಡು ಅಕ್ಷರ

ವಿಡಿಯೊ ಗೇಮಿನ ಕಾರ್ಡಿನ ಹಿಂಬದಿಯ ಬೆಳ್ಳಿ ಪಟ್ಟಿಯನ್ನು ನಾಣ್ಯದ ಅಂಚಿನಿಂದ ಕೆರೆದು, ಪುಡಿಯನ್ನು ಉಫ್ ಎಂದು ಊದಿ, ತೌನೊ ಕನ್ನಡಕ ಏರಿಸಿಕೊಂಡ. ಅವನು ಓದಿ ಹೇಳಿದ ಒಂದೊಂದು ಅಕ್ಷರವನ್ನೂ ಮಗಳು ಮಿರ್ವ ಟಿವಿಯ ಮುಂದೆ ನೆಲದ ಮೇಲೆ ಕೂತು ಪರದೆಗೆ ತುಂಬುತ್ತ ಹೋದಳು.

“ಕೆ, ಏಳು, ಆರ್, ಎಂ. ಆಮೇಲೆ ಎರಡು, ಟಿ, ಒಂಬತ್ತು, ಎಚ್.”

“ಹ್ಞೂಂ, ಮುಂದೆ?”

“ಮುಂದೇನು? ಮುಗೀತು.”

“ಹನ್ನೆರಡು ಇರ್ಬೇಕಲ್ಲಪ್ಪಾ. ಇಲ್ಲಿ ಇನ್ನೂ ನಾಲ್ಕು ಮನೆ ಖಾಲಿ ಇದೆ.”

“ಎಂಟೇ ಇರೋದು. ನನಗೇನು ಎಣಿಸೋಕೆ ಬರಲ್ವಾ? ಅಂಗಡಿಯವ್ರು ಟೋಪಿ ಹಾಕಿದಾರೆ ನಿಂಗೆ. ವಾಪಸ್ ಕೊಟ್ಟು ಬಾ.”

ಕೂಹ್ಮೊ ಊರಿನ ಕಾಡುದಾರಿಗಳಲ್ಲಿ ಮೂವತ್ತನಾಲ್ಕು ವರ್ಷ ಮರದ ದಿಮ್ಮಿಯ ಲಾರಿ ಓಡಿಸಿದವನು ತೌನೊ. ಲಾರಿಗೆ ಒಂದು ಗೀರು ಬಿದ್ದದ್ದಿಲ್ಲ. ಮಾರ್ಚಿನಲ್ಲಿ ಪಾರ್ಶ್ವವಾಯು ಹೊಡೆದಾಗ ಕೈಕಾಲು ಎರಡೇ ವಾರದಲ್ಲಿ ಹಿಡಿತಕ್ಕೆ ಬಂದವು. ಆದರೆ ಎಡಗಡೆಯ ಗಮನ ಇನ್ನೂ ಕೂಡಿಬಂದಿಲ್ಲ, ಮೇ ತಿಂಗಳ ತಪಾಸಣೆ ಆಗುವವರೆಗೆ ಕಾರು ಮುಟ್ಟಬಾರದು ಎಂದಿದ್ದರು ವೈದ್ಯರು. ತೌನೊ ಅದನ್ನು ಕಿವಿಗೇ ಹಾಕಿಕೊಂಡಿರಲಿಲ್ಲ. “ಆ ಹುಡುಗಿಗಿಂತ ನನ್ನ ಕಣ್ಣೇ ಚುರುಕಾಗಿದೆ” ಎಂದು ನೆರೆಯವರ ಹತ್ತಿರ ಡಾಕ್ಟರನ್ನು ಆಡಿಕೊಂಡಿದ್ದ. ಮಿರ್ವಳೂ ಅಷ್ಟಾಗಿ ತಲೆ ಕೆಡಿಸಿಕೊಂಡಿರಲಿಲ್ಲ. ಗಂಡನ ಆಟದ ಪೆಟ್ಟಿಗೆಯನ್ನೂ, ಕಣ್ಣಿಗೆ ಕಟ್ಟಿಕೊಳ್ಳುವ ವಿಆರ್ ಕನ್ನಡಕವನ್ನೂ ತಂದು ಅಪ್ಪನ ಕೈಗೆ ಕೊಟ್ಟಿದ್ದಳು. ಹೋದ ವಾರ ಅದರೊಳಗೆ ಹತ್ತು ನಿಮಿಷದ ಮಾದರಿ ಆಟ ಆಡಿ, ಹಿಮದ ರಸ್ತೆಯಲ್ಲಿ ಕಾರು ಓಡಿಸಿ, ತೌನೊ ಎರಡು ತಿಂಗಳಲ್ಲಿ ಮೊದಲ ಸಲ ಗಟ್ಟಿಯಾಗಿ ನಕ್ಕಿದ್ದ. ಪೂರ್ತಿ ಆಟದ ಕಾರ್ಡನ್ನು ಅವಳು ಈ ಶನಿವಾರ ತಂದದ್ದು ಅದಕ್ಕೇ.

“ಕೊಡಿಲ್ಲಿ, ನಾನು ನೋಡ್ತೀನಿ” ಎಂದು ಕಾರ್ಡು ಇಸಿದುಕೊಂಡಳು. ಮೂರು ಗುಂಪು, ಒಂದೊಂದರಲ್ಲಿ ನಾಲ್ಕು ಅಕ್ಷರ. ಮೊದಲ ಗುಂಪು ವಿ, ನಾಲ್ಕು, ಜೆ, ಪಿ. ಅಚ್ಚು ಎಲ್ಲೂ ಮಾಸಿರಲಿಲ್ಲ.

“ಅಪ್ಪಾ, ವಿ ಅಂತ ಶುರುವಾಗ್ತದೆ.”

“ಎಲ್ಲಿದೆ ವಿ? ಬೆಳಗ್ಗೆ ಬೆಳಗ್ಗೆ ತಮಾಷೆ ಮಾಡ್ಬೇಡ.” ಕಾರ್ಡನ್ನು ಕಿತ್ತುಕೊಂಡು ಮೂಗಿನ ಹತ್ತಿರ ಹಿಡಿದ. “ಕೆ, ಏಳು, ಆರ್, ಎಂ. ನೋಡು!”

ಮಿರ್ವ ನೋಡಿದ್ದು ಕಾರ್ಡನ್ನಲ್ಲ, ಅಪ್ಪನ ಮುಖವನ್ನು. ಬಲಗೆನ್ನೆ ನುಣ್ಣಗಿತ್ತು. ಎಡಗೆನ್ನೆಯ ಮೇಲೆ ಮೂರು ದಿನದ ಬಿಳಿ ಗಡ್ಡ. ವಯಸ್ಸಾಯಿತು, ಸೋಮಾರಿಯಾಗಿದ್ದಾನೆ ಅಂದುಕೊಂಡಿದ್ದಳು ಅವಳು. ಹೋದ ವಾರದ ಆಟದಲ್ಲಿ ಪ್ರತಿ ತಿರುವಿನಲ್ಲೂ ಅವನ ಕಾರು ಹೋಗಿ ಗುದ್ದುತ್ತಿದ್ದದ್ದು ಎಡಗಡೆಯ ಹಿಮದ ದಿಬ್ಬಕ್ಕೇ. ಆಟದ ಸ್ಟೇರಿಂಗು ಸರಿಯಿಲ್ಲ ಎಂದು ಅವನು ಬೈದಿದ್ದ, ಅವಳು ಹೊಟ್ಟೆ ಹಿಡಿದುಕೊಂಡು ನಕ್ಕಿದ್ದಳು.

ಅವಳು ಎದ್ದು ಬಂದು ಪಕ್ಕದಲ್ಲಿ ಕೂತು, ಕಾರ್ಡಿನ ಎಡ ಅಂಚಿನ ಮೇಲೆ ತೋರುಬೆರಳು ಇಟ್ಟಳು.

“ಅಪ್ಪಾ, ನನ್ನ ಬೆರಳು ಕಾಣ್ತಿದ್ಯಾ?”

“ಯಾವ ಬೆರಳು?”

“ಅದು ಸಿಗೋ ತನಕ ನೋಡಿ. ತಲೆ ತಿರುಗ್ಸಿ. ಇನ್ನೂ. ಇನ್ನೂ ಸ್ವಲ್ಪ.”

ತೌನೊ ಗೊಣಗುತ್ತಲೇ ಕತ್ತು ಹೊರಳಿಸಿದ. ಭುಜದ ತನಕ ಗದ್ದ ಹೋಯಿತು. ಆಮೇಲೆ ಗೊಣಗಾಟ ನಿಂತಿತು. ಉಗುರಿಗೆ ಹಚ್ಚಿದ್ದ ಕೆಂಪು ಬಣ್ಣ ಮೊದಲು ಸಿಕ್ಕಿತು, ಅದರ ಪಕ್ಕದಲ್ಲಿ ಸಾಲಾಗಿ ನಿಂತ ನಾಲ್ಕು ಅಕ್ಷರ.

“ವಿ” ಎಂದ. ಸ್ವಲ್ಪ ತಡೆದು, “ನಾಲ್ಕು. ಜೆ. ಪಿ.”

ಅವನು ಕತ್ತನ್ನು ಮೊದಲಿನ ಜಾಗಕ್ಕೆ ತಂದು ಕಾರ್ಡನ್ನು ನೋಡಿದ. ಮತ್ತೆ ಎಡಕ್ಕೆ ಹೊರಳಿಸಿ ನೋಡಿದ. ಹೀಗೇ ಮೂರು ಸಲ. ಮಿರ್ವ ಬೆರಳನ್ನು ತೆಗೆಯಲಿಲ್ಲ.

“ಡಾಕ್ಟರ್ ಹುಡುಗಿ ಇದನ್ನೇ ಹೇಳಿದ್ದಾ?” ಎಂದು ಕೇಳಿದ.

“ಇದನ್ನೇ ಇರ್ಬೇಕಪ್ಪಾ. ಕಣ್ಣಿಗೆ ಏನೂ ಆಗಿಲ್ಲ, ಕಂಡಿದ್ದನ್ನ ತಲೆ ತಗೊಳ್ತಾ ಇಲ್ಲ ಅಂತ. ಅಭ್ಯಾಸ ಮಾಡಿದ್ರೆ ಎಷ್ಟೋ ಸರಿಹೋಗತ್ತೆ ಅಂದಿದ್ರು.”

ತೌನೊ ಕಾರ್ಡನ್ನು ಅವಳ ಕೈಗೆ ಕೊಟ್ಟ. ಬೇರೆ ಏನು ಮಾಡಬೇಕೆಂದು ತೋಚದೆ ಮಿರ್ವ ಟಿವಿಯ ಮುಂದೆ ಹೋಗಿ ಕೂತು, ಹನ್ನೆರಡು ಅಕ್ಷರವನ್ನೂ ಮೊದಲಿನಿಂದ ತುಂಬಿ ಗುಂಡಿ ಒತ್ತಿದಳು. ಕೋಡ್ ಸರಿಯಾಗಿದೆ ಎಂದಿತು ಪರದೆ. ಆಟದ ಹೆಸರು ದೊಡ್ಡದಾಗಿ ಮೂಡಿ, ಅದರ ಕೆಳಗೆ ನೀಲಿ ಗೆರೆಯೊಂದು ನಿಧಾನಕ್ಕೆ ಬೆಳೆಯತೊಡಗಿತು.

“ಡೌನ್‌ಲೋಡ್ ಆಗ್ತಾ ಇದೆ” ಎಂದಳು. “ಅರ್ಧ ಗಂಟೆ ಆಗ್ಬೋದು. ಕಾಫಿ ಮಾಡ್ಲಾ?”

“ಮಿರ್ವಾ.”

ಅವಳು ತಿರುಗಿ ನೋಡಿದಳು. ಅಪ್ಪ ಕನ್ನಡಕ ತೆಗೆದು ತೊಡೆಯ ಮೇಲೆ ಇಟ್ಟುಕೊಂಡಿದ್ದ.

“ನಿನ್ನೆ ನಾನು ಕಾರು ತಗೊಂಡು ಪೇಟೆಗೆ ಹೋಗ್ಬಂದೆ. ನೀನು ಬಯ್ತೀಯ ಅಂತ ಹೇಳಿರ್ಲಿಲ್ಲ.”

ಮಿರ್ವ ಬಾಯಿ ತೆರೆದಳು. ಅವನು ಕೈ ಎತ್ತಿ ತಡೆದ.

“ಎರಡು ಗಂಟೆ ಇರ್ಬೇಕು, ಸ್ಕೂಲು ಬಿಡೋ ಹೊತ್ತು. ಮಕ್ಕಳೆಲ್ಲ ರಸ್ತೆ ಎಡಗಡೇಲಿ ಸಾಲಾಗಿ ನಡ್ಕೊಂಡು ಬರ್ತಾರಲ್ಲ, ಆ ಹೊತ್ತು. ಒಂದು ಮಗೂನೂ ಕಾಣ್ಲಿಲ್ಲ ಕಣೇ. ಇವತ್ತು ಸ್ಕೂಲಿಗೆ ರಜ ಇರ್ಬೇಕು ಅಂದ್ಕೊಂಡು ಜೋರಾಗೇ ಬಂದೆ.”