ಮೂರಡಿಗೆ ಒಂದಿಂಚು ಕಮ್ಮಿ

ಭಾನುವಾರ ಚರ್ಚಿನಿಂದ ಬಂದ ವೇವಾ ಕೋಟು ಕೂಡ ಬಿಚ್ಚದೆ ಮುಂಬಾಗಿಲ ಹೊಸ್ತಿಲ ಬಳಿ ಮಂಡಿಯೂರಿ, ನೆಲಕ್ಕೆ ಟೇಪು ಹಿಡಿದಳು. ಅಮೆರಿಕದ ಫಾಲ್ ರಿವರ್ ಊರಿನ ಪರದೆ ಕಾರ್ಖಾನೆಯಲ್ಲಿ ಇಪ್ಪತ್ತೆಂಟು ವರ್ಷ ಬಟ್ಟೆ ಕತ್ತರಿಸಿದವಳು. ಶೇಕಡಾ ಲೆಕ್ಕ ಅವಳ ತಲೆಗೆ ಹತ್ತದು. ಆದರೆ ಅಡಿ ಇಂಚುಗಳಲ್ಲಿ ಅವಳಿಗೆ ಟೋಪಿ ಹಾಕುವವರು ಇನ್ನೂ ಹುಟ್ಟಿಲ್ಲ.

ಅಡುಗೆಮನೆಯ ಮೇಜಿನ ಮುಂದೆ ಅವಳ ಗಂಡ ಡುರ್ವಾಲ್ ಪೆನ್ನು ಹಿಡಿದು ಕೂತಿದ್ದ. ಮನೆಸಾಲದ ಬ್ಯಾಂಕು ಕಾಗದ ಕಳಿಸಿತ್ತು: ಹಳೆಯ ಸಾಲ ಮುಚ್ಚಿ ಹೊಸದು ಮಾಡಿಕೊಳ್ಳಿ, ತಿಂಗಳ ಕಂತಿನಲ್ಲಿ ಇನ್ನೂರು ಡಾಲರ್ ಉಳಿಯುತ್ತದೆ. ಅದಕ್ಕೆ ಇಬ್ಬರ ಸಹಿಯೂ ಬೇಕಿತ್ತು, ನಾಳೆಯೇ ಕೊನೆಯ ದಿನ.

"ಏನೇ ಅದು? ನೆಲಕ್ಕೂ ಪರದೆ ಹೊಲೀತೀಯಾ?"

"ಈ ಮನೇಲಿ ನಮ್ಮದು ಎಷ್ಟು ಅಂತ ನೋಡ್ತಿದೀನಿ."

"ಅದಕ್ಕೆ ಟೇಪ್ ಯಾತಕ್ಕೆ? ಮೂವತ್ತು ವರ್ಷದ ಸಾಲದಲ್ಲಿ ಆರು ವರ್ಷ ಕಟ್ಟಿ ಆಯ್ತು. ಐದರಲ್ಲಿ ಒಂದು ಪಾಲು. ಬಾಗಿಲಿಂದ ಒಲೆ ಹಿಂದಿನ ಗೋಡೆವರೆಗೆ ನಲವತ್ತಡಿ, ಅಂದ್ರೆ ಎಂಟಡಿ ನಮ್ಮದು. ನನ್ನ ಕುರ್ಚಿ ಏಳನೇ ಅಡೀಲಿದೆ. ಅದರಲ್ಲಿ ನಾನು ಯಜಮಾನನ ಥರ ಕಾಲು ಚಾಚಿ ಕೂರೋದು ಸುಮ್ನೆ ಅಂದ್ಕೊಂಡ್ಯಾ?"

ವೇವಾ ಪ್ರಾರ್ಥನೆಯ ಪುಸ್ತಕದೊಳಗಿನಿಂದ ಬ್ಯಾಂಕಿನ ಲೆಕ್ಕದ ಹಾಳೆ ತೆಗೆದಳು. ಪಾದ್ರಿಗಳ ಪ್ರವಚನದುದ್ದಕ್ಕೂ ಅವಳು ಭಕ್ತಿಯಿಂದ ಓದಿದ್ದು ಅದನ್ನೇ. ಆರು ವರ್ಷದಲ್ಲಿ ಕಟ್ಟಿದ್ದು ಒಂದು ಲಕ್ಷ ಹತ್ತೊಂಬತ್ತು ಸಾವಿರ. ಅದರಲ್ಲಿ ಅಸಲಿಗೆ ಹೋದದ್ದು ಹದಿನೆಂಟು ಸಾವಿರ ಚಿಲ್ಲರೆ. ಮಿಕ್ಕಿದ್ದೆಲ್ಲ ಬಡ್ಡಿ. ಎರಡೂವರೆ ಲಕ್ಷದ ಸಾಲವನ್ನು ನಲವತ್ತು ಅಡಿಗೆ ಹಂಚಿ, ಬಟ್ಟೆಗೆ ಗುರುತು ಹಾಕುವ ನೀಲಿ ಸೀಮೆಸುಣ್ಣದಿಂದ ಗೋಡೆಯಿಂದ ಗೋಡೆಗೆ ಒಂದು ಗೆರೆ ಎಳೆದಳು. ಹೊಸ್ತಿಲಿನಿಂದ ಮೂರಡಿಗೆ ಒಂದಿಂಚು ಕಮ್ಮಿ. ಹೊರಗಿನ ಮೆಟ್ಟಿಲು, ವರಾಂಡ ಮನೆ ಕೊಳ್ಳುವಾಗ ಮೊದಲೇ ಕೈಯಿಂದ ಕೊಟ್ಟ ದುಡ್ಡಿನದು. ಒಳಗೆ ನಮ್ಮದು ಅನ್ನುವುದಕ್ಕೆ ಇದ್ದದ್ದು ಕಾಲೊರೆಸು, ಛತ್ರಿಯ ಮೂಲೆ, ಅಷ್ಟೇ.

ತಲೆಯೆತ್ತಿದಾಗ ಗೆರೆಯಾಚೆಯ ಮನೆ ಅವಳಿಗೆ ಬೇರೆಯಾಗಿ ಕಂಡಿತು. ಕಿಟಕಿಯ ಬಿಸಿಲು ಒಳಗೆ ಹರಡುತ್ತಿತ್ತು, ಆ ಬೆಳಕಿನಲ್ಲಿ ಸೋಫಾ, ಗಡಿಯಾರ, ಡುರ್ವಾಲನ ಕುರ್ಚಿ ಎಲ್ಲವೂ ನೆಲ ಬಿಟ್ಟು ಚೂರೇ ಚೂರು ಮೇಲೆ ತೇಲುತ್ತಿದ್ದಂತೆ ಅನ್ನಿಸಿತು. ತುಂಬ ದೂರದಲ್ಲಿ, ಆಚೆ ದಡದಲ್ಲಿ ಒಲೆ. ಒಲೆಯ ಮೇಲೆ ಅವಳೇ ಇಟ್ಟುಹೋಗಿದ್ದ ಸೊಪ್ಪಿನ ಸೂಪು ಸಣ್ಣಗೆ ಕುದಿಯುತ್ತಿತ್ತು. ಅವಳ ತಾಯಿ ಬದುಕಿಡೀ ಬಾಡಿಗೆಯ ಅಡುಗೆಮನೆಗಳಲ್ಲಿ ಬೇಯಿಸಿದವಳು, ಬಿಸಿ ಎಣ್ಣೆ ಸಿಡಿದರೆ ಮೊದಲು ಮಾಲೀಕನ ಗೋಡೆ ಒರೆಸಿ ಆಮೇಲೆ ತನ್ನ ಕೈ ನೋಡಿಕೊಳ್ಳುತ್ತಿದ್ದವಳು. ಕೈಯಲ್ಲಿ ಕಸುವಿರುವಾಗಲೇ ಸ್ವಂತ ಒಲೆಯ ಮುಂದೆ ನಿಂತು ಒಂದು ದಿನ ಸೌಟು ಆಡಿಸಬೇಕು, ವೇವಾ ಈ ಜನ್ಮಕ್ಕೆ ಕೇಳಿಕೊಂಡದ್ದು ಇಷ್ಟನ್ನೇ. ಅವಳಿಗೆ ಅಳು ಬಂತು.

ಡುರ್ವಾಲ್ ಎದ್ದು ಬಂದ. ಗೆರೆ ನೋಡಿದ, ಕುರ್ಚಿ ನೋಡಿದ, ಮತ್ತೆ ಗೆರೆ ನೋಡಿದ. ಮೂವತ್ತು ವರ್ಷ ಊರಿನ ಬಸ್ಸು ಓಡಿಸಿದವನಿಗೆ ಇಷ್ಟು ಹತ್ತಿರದಲ್ಲಿ ಮೊದಲ ನಿಲ್ದಾಣ ಇರುತ್ತದೆಂದು ನಂಬಿಕೆ ಬರಲಿಲ್ಲ.

"ತಪ್ಪಾಗಿ ಅಳೆದಿದೀಯ."

"ಟೇಪ್ ತಗೋ, ನೀನೇ ಅಳೆ. ಮೊದಮೊದಲು ಕಂತನ್ನೆಲ್ಲ ಬಡ್ಡೀನೇ ತಿನ್ನುತ್ತೆ ಮಾರಾಯ. ಗೆರೆ ಓಡೋದೆಲ್ಲ ಕೊನೇ ವರ್ಷಗಳಲ್ಲಿ. ನಿಂಗೆ ಎಪ್ಪತ್ತೆಂಟು ಆದಾಗ ಒಲೆ ಮುಟ್ಟುತ್ತೆ."

"ಅದಕ್ಕೇ ಹೇಳೋದು, ಸಹಿ ಹಾಕು. ತಿಂಗಳಿಗೆ ಇನ್ನೂರು ಉಳಿದ್ರೆ ಉಸಿರಾಡಬಹುದು."

"ಹೊಸ ಸಾಲ ಮತ್ತೆ ಮೂವತ್ತು ವರ್ಷ. ಅದರ ಖರ್ಚು ಏಳು ಸಾವಿರ ಸಾಲಕ್ಕೇ ಸೇರಿಸ್ತಾರೆ." ವೇವಾ ಬೆರಳಿನಿಂದ ಗೆರೆಯ ಈಚೆ ಒಂದಡಿಯ ಮೇಲೆ ಒಂದಿಂಚು ಅಳೆದು, ಕಾಲೊರೆಸಿನ ನಡುವೆ ಮುಟ್ಟಿದಳು. "ಸಹಿ ಹಾಕಿದ ತಕ್ಷಣ ಇಲ್ಲಿಗೆ ಬರ್ತೀವಿ. ಒಲೆ ಮುಟ್ಟೋ ಹೊತ್ತಿಗೆ ನಿಂಗೆ ಎಂಬತ್ತನಾಲ್ಕು. ಕೈಬಿಟ್ಟು ಹೋಗೋ ದುಡ್ಡೂ ಐವತ್ತು ಸಾವಿರ ಜಾಸ್ತಿ. ಅಷ್ಟು ದಿನ ಉಸಿರಾಡ್ತೀಯಾ?"

"ನಿಮ್ಮಪ್ಪ ತೊಂಬತ್ತು ಬದುಕಿರಲಿಲ್ವಾ?"

"ನಮ್ಮಪ್ಪ ಬಸ್ ಓಡಿಸ್ತಿರಲಿಲ್ಲ. ನಿನ್ನ ಥರ ಸಿಗರೇಟೂ ಸೇದ್ತಿರಲಿಲ್ಲ."

ಡುರ್ವಾಲ್ ನಗಲಿಲ್ಲ. ಗೆರೆ ದಾಟಿ ಹೊಸ್ತಿಲ ಕಡೆ ಬಂದು ಅವಳನ್ನು ಕೈಹಿಡಿದು ಎಬ್ಬಿಸಿದ. ಬಾಗಿಲಿಗೂ ಗೆರೆಗೂ ನಡುವೆ ಇಬ್ಬರೂ ಒತ್ತಿಕೊಂಡು ನಿಂತರು. ಜಾಗ ಅಷ್ಟೇ ಇತ್ತು. ಹೊರಗೆ ಯಾರದೋ ಮಗು ಸೈಕಲ್ಲಿನ ಗಂಟೆ ಬಾರಿಸುತ್ತ ಹೋಯಿತು. ಎಷ್ಟು ಹೊತ್ತು ಹಾಗೆ ನಿಂತಿದ್ದರೋ, ಸೂಪು ತಳಹಿಡಿದ ವಾಸನೆ ಬಂದರೂ ವೇವಾಗೆ ಆಚೆ ದಡಕ್ಕೆ ಹೋಗುವ ಮನಸ್ಸಾಗಲಿಲ್ಲ.

"ಕಂತಿನ ಮೇಲೆ ಜಾಸ್ತಿ ಕೊಟ್ರೆ ತಗೋತಾರಾ?" ಅವನು ಮೆಲ್ಲಗೆ ಕೇಳಿದ.

"ತಗೋತಾರೆ. ಅಸಲಿಗೆ ಅಂತ ಬರೆದು ಕೊಟ್ರೆ ಅದನ್ನ ಬಡ್ಡಿ ಮುಟ್ಟೋ ಹಾಗಿಲ್ಲ."

ಡುರ್ವಾಲ್ ಜೇಬಿನಿಂದ ಇಪ್ಪತ್ತರ ಮೂರು ನೋಟು ತೆಗೆದ, ಕ್ಲಬ್ಬಿನ ಇಸ್ಪೀಟಿಗೆಂದು ಇಟ್ಟುಕೊಂಡದ್ದು. "ಇದಕ್ಕೆಷ್ಟು ಬರುತ್ತೆ, ಹೇಳು."

ವೇವಾ ಕಣ್ಣಲ್ಲೇ ಲೆಕ್ಕ ಹಾಕಿ, ಬಾಗಿ, ಹಳೆಯ ಗೆರೆಗೆ ಅಂಟಿಸಿದಂತೆ ಇನ್ನೊಂದು ಗೆರೆ ಎಳೆದಳು. ನಿಂತು ನೋಡಿದರೆ ಎರಡೂ ಒಂದೇ ಗೆರೆ. ಡುರ್ವಾಲ್ ಕನ್ನಡಕ ಹಾಕಿಕೊಂಡು ಮಂಡಿಯೂರಿದ, ಅದು ಸಾಲದೆ ಕೆನ್ನೆಯನ್ನು ನೆಲಕ್ಕೇ ಆನಿಸಿ ಒಂದು ಕಣ್ಣು ಮುಚ್ಚಿ ನೋಡಿದ.

"ಸರಿದಿದೆ ಕಣೇ," ಅಂದ. "ದೇವರಾಣೆ, ಸರಿದಿದೆ."