ಹುಲ್ಲಿನಡಿಯ ಉಕ್ಕು

ಗುದ್ದಲಿ ಠಣ್ಣೆಂದಾಗ ಬೆಂಚಿನ ಮೇಲಿದ್ದ ವಿನಿಫ್ರೆಡ್ ಅಜ್ಜಿ ತಟ್ಟನೆ ಎದ್ದು ನಿಂತಳು. ಶೆಫೀಲ್ಡಿನ ಉಕ್ಕಿನ ಕಾರ್ಖಾನೆಯೊಂದು ನೆಲಸಮವಾಗಿ ಉದ್ಯಾನವಾಗಿದ್ದ ಜಾಗದಲ್ಲಿ ತೋಟಗಾರ ಕ್ಲೈವ್ ಸಸಿಗೆ ಗುಂಡಿ ತೋಡುತ್ತಿದ್ದ.

“ಏನಿಲ್ಲ ಅಜ್ಜಿ, ಹಳೇ ಗುಜರಿ. ಈ ನೆಲದ ಹೊಟ್ಟೇಲಿ ಬರೀ ಇದೇ. ಯಂತ್ರ ತರ್ಸಿ ಎತ್ತಿಸ್ಬಿಡ್ತೀನಿ.”

“ಎತ್ತಿಸ್ಬೇಡಪ್ಪ. ಅದು ನನ್ನ ಗಂಡ.”

ನಗಲು ಹೋದ ಕ್ಲೈವ್ ಅವಳ ಮುಖ ನೋಡಿ ಗುದ್ದಲಿ ಕೆಳಗಿಟ್ಟ. ಮದುವೆಯಾದ ವರ್ಷವೇ ಅವಳ ಸ್ಟ್ಯಾನ್ಲಿ ಕಾಲುಜಾರಿ ಕುದಿಯುವ ಉಕ್ಕಿನ ಕೊಪ್ಪರಿಗೆಗೆ ಬಿದ್ದಿದ್ದ. ಮಣ್ಣು ಮಾಡಲು ಮೈಯೇ ಉಳಿದಿರಲಿಲ್ಲ. ಆ ಉಕ್ಕನ್ನು ಮಾರಲು ಜೊತೆಗಾರರು ಬಿಡಲಿಲ್ಲ. ಅದನ್ನು ಅಚ್ಚಿಗೆ ಎರೆದು ಒಂದೇ ದೊಡ್ಡ ಗಟ್ಟಿ ಮಾಡಿ, ಕಾರ್ಖಾನೆಯ ಹಿತ್ತಲಲ್ಲೇ ಹೂತು, ಟೋಪಿ ತೆಗೆದು ನಿಂತಿದ್ದರು. ಗೋಡೆಗಳುರುಳಿ ಹುಲ್ಲು ಬೆಳೆದ ಮೇಲೆ ಅವಳಿಗೆ ಜಾಗದ ಗುರುತೇ ಸಿಗದಾಯಿತು. ಇಲ್ಲೇ ಎಲ್ಲೋ ಇರಬೇಕೆಂದು ಈ ಬೆಂಚಿನಲ್ಲಿ ಬಂದು ಕೂತು ಹೋಗುತ್ತಿದ್ದಳು.

ಕ್ಲೈವ್‌ನ ತೋಳು ಹಿಡಿದು ಅವಳು ಮಂಡಿಯೂರಿದಳು. ಗುಂಡಿಯೊಳಗೆ ಕೈಚಾಚಿ, ಮಣ್ಣು ಸರಿಸಿ, ಉಕ್ಕಿನ ಮೇಲೆ ಅಂಗೈಯಿಟ್ಟಳು. ಬಹಳ ಹೊತ್ತು ತೆಗೆಯಲಿಲ್ಲ.

“ಕನಸಲ್ಲಿ ಬಂದಾಗೆಲ್ಲ ಉರಿ, ಉರಿ ಅಂತಿದ್ದ,” ಎಂದಳು. “ತಣ್ಣಗಿದಾನೆ ಕಣಪ್ಪ.”